ತನ್ನ ಪಾಯಿಂಟನ್ನೇ ನಂಬದ ಕ್ಯಾಪ್ಟನ್

ನಮ್ಮ ಕ್ಯಾಪ್ಟನ್ ಅಕ್ಕನ ಬಲಗೈಯ ನಡುಬೆರಳು ತುದಿಯ ಗೆಣ್ಣಿನಲ್ಲಿ ಸೊಟ್ಟಗಾಗಿತ್ತು. ಹೈಸ್ಕೂಲಿನಲ್ಲಿದ್ದಾಗ ಬಾಸ್ಕೆಟ್‌ಬಾಲ್ ಬಡಿದು ಮುರಿದದ್ದು. ಎಲುಬು ಕೂಡಿಸುವವನ ಹತ್ತಿರ ಹೋಗು ಎಂದು ಮನೆಯವರು ಎಷ್ಟು ಹೇಳಿದರೂ ಆಕೆ ಹೋಗಲಿಲ್ಲವಂತೆ. "ಅವಾ ಇನ್ನಷ್ಟು ಮುರದ್ರ?" ಅಂದಿದ್ದಳಂತೆ. ಪ್ರತಿ ಆಟಕ್ಕೆ ಮೊದಲು ಅದೇ ಸೊಟ್ಟ ಬೆರಳಿನಿಂದ ಚೆಂಡನ್ನು ಒತ್ತಿ, ಕಿವಿಯ ಹತ್ತಿರ ಹಿಡಿದು ಅಲ್ಲಾಡಿಸಿ, ಆಮೇಲೆ ರಿಂಗಿನ ಕೆಳಗೆ ಹೋಗಿ ತಲೆ ಎತ್ತಿ ನಿಲ್ಲುತ್ತಿದ್ದಳು.

"ಇದು ಕೆಳಗ ಐತಿ."

ಒಮ್ಮೆ ರೋಣದಲ್ಲಿ ಹಾಗೆ ಹೇಳಿ, ಟೇಪು ತರಿಸಿ, ಏಣಿ ಹಾಕಿಸಿ ಅಳೆಸಿದಳು. ಕೆಳಗೇ ಇತ್ತು. ಕೆಳಗಿದ್ದರೆ ನಮಗೇ ಅನುಕೂಲ, ಸುಮ್ಮನೆ ಆಡೋಣ ಎಂದು ನಾವೆಲ್ಲ ಕಣ್ಣುಸನ್ನೆ ಮಾಡಿದೆವು. ಆಕೆ ಮಾತ್ರ ರಿಂಗು ಮೇಲೇರುವತನಕ ಅಂಗಳಕ್ಕೆ ಇಳಿಯಲಿಲ್ಲ. "ನಾಳೆ ಯಾರರ ಇದನ್ನ ಹೇಳಿ ನಮ್ಮ ಪಾಯಿಂಟ್ ತಗದ್ರ ಏನ್ ಮಾಡ್ತೀರಿ?" ಎಂದಳು. ಬಿಸಿಲಿನಲ್ಲಿ ನಿಂತು ನಾವು ಆಕೆಯನ್ನು ಮನಸಾರೆ ಬೈದುಕೊಂಡೆವು.

ಗಜೇಂದ್ರಗಡದ ಕಾಲೇಜಿಗೆ ನಾನು ಸೇರಿದಾಗ ಆಕೆ ಕೊನೆಯ ವರ್ಷದಲ್ಲಿದ್ದಳು. ನಾನು ದಿನಾ ರೋಣದಿಂದ ಬಸ್ಸಿನಲ್ಲಿ ಬರುವವಳು. ಎತ್ತರ ಇದ್ದೇನೆಂದು ಪಿ.ಡಿ. ಸರ್, ಅಂದರೆ ನಮ್ಮ ದೈಹಿಕ ಶಿಕ್ಷಣದ ನಿರ್ದೇಶಕರು, ನನ್ನನ್ನು ತಂಡಕ್ಕೆ ಕರೆದುಕೊಂಡರು. ಅಂಗಳಕ್ಕೆ ಹೋದ ಮೊದಲ ಸಂಜೆ ಆಕೆ ನನ್ನನ್ನು ಕಾಲಿನಿಂದ ತಲೆಯವರೆಗೆ ನೋಡಿ ಕೇಳಿದ್ದು ಒಂದೇ ಮಾತು.

"ನಿನ್ನ ಯಾರ ಕಳಿಸ್ಯಾರ?"

"ಪಿ.ಡಿ. ಸರ್ ರಿ."

"ಅದಲ್ಲ. ನಿಮ್ಮ ಸ್ವಾದರಮಾವ ನರಗುಂದದ ಕಾಲೇಜಿನ ಆಫೀಸಿನಾಗ ಇದ್ದಾರಂತಲ್ಲ?"

ನರಗುಂದದ ತಂಡಕ್ಕೂ ನಮಗೂ ಮೊದಲಿನಿಂದ ಜಿದ್ದು. ನಾನು ಅಲ್ಲಿಯ ಗೂಢಚಾರಿಣಿಯೆಂದು ಆಕೆಗೆ ಅನುಮಾನ. ಮುಂದೆ ಎಷ್ಟೋ ದಿನ ನಾನು ಹತ್ತಿರ ಬಂದರೆ ಆಟದ ಮಾತು ನಿಲ್ಲಿಸಿ ಹವಾಮಾನದ ಮಾತು ಎತ್ತುತ್ತಿದ್ದಳು. ನನಗೆ ಅಳು ಬರುತ್ತಿತ್ತು. ಬರಬರುತ್ತ ನನಗೂ ಆಕೆಯ ಮೇಲೆ ಅನುಮಾನ ಶುರುವಾಯಿತು. ಇಷ್ಟು ಹೆದರುವವಳು ಏನನ್ನೋ ಮುಚ್ಚಿಟ್ಟಿರಬೇಕು ಎಂದುಕೊಂಡೆ.

ಹಾಗೆ ಅಂದುಕೊಂಡವಳು ನಾನೊಬ್ಬಳೇ ಅಲ್ಲ. ಆಕೆ ಹಾಕುತ್ತಿದ್ದ ಪಾಯಿಂಟುಗಳನ್ನು ಕಂಡವರು ನಂಬುತ್ತಿರಲಿಲ್ಲ, ಕೇಳಿದವರಂತೂ ನಕ್ಕುಬಿಡುತ್ತಿದ್ದರು. ಒಂದು ಆಟದಲ್ಲಿ ಎದುರಿನ ತಂಡದ ಐವರೂ ಕೂಡಿ ಹಾಕಿದ್ದಕ್ಕಿಂತ ಆಕೆಯೊಬ್ಬಳದೇ ಹೆಚ್ಚಾಗುತ್ತಿತ್ತು. ಕಾಲೇಜಿನ ಆಟದ ಕೋಣೆಯಲ್ಲಿ ಒಂದು ಕರಿಹಲಗೆಯಿತ್ತು. ಪ್ರತಿ ಪಂದ್ಯ ಮುಗಿದ ಮೇಲೆ ಪಿ.ಡಿ. ಸರ್ ಅದರ ಮೇಲೆ ಆಕೆಯ ಒಟ್ಟು ಪಾಯಿಂಟು, ಹಿಡಿದ ರಿಬೌಂಡು ಎಲ್ಲವನ್ನೂ ಸೀಮೆಸುಣ್ಣದಿಂದ ತಿದ್ದಿ ಬರೆಯುತ್ತಿದ್ದರು. ಕೆಳಗೆ ವಿಶ್ವವಿದ್ಯಾಲಯದ ಹಳೆಯ ದಾಖಲೆ. ಅದು ಶಹರದ ದೊಡ್ಡ ಕಾಲೇಜಿನ ಹುಡುಗಿಯೊಬ್ಬಳದು. ಎರಡೂ ಅಂಕಿಗಳು ವಾರವಾರಕ್ಕೆ ಹತ್ತಿರವಾಗುತ್ತಿದ್ದವು. ಹತ್ತಿರವಾದಷ್ಟೂ ಹೊರಗಿನ ಮಾತು ಬೆಳೆಯಿತು. ಹಳ್ಳಿಯ ಸ್ಕೋರರುಗಳು ಬೇಕಾದಂಗ ಬರೆಯುತ್ತಾರೆ ಎಂದರು. ಆಕೆಯ ವಯಸ್ಸು ಹೆಚ್ಚು, ಸರ್ಟಿಫಿಕೇಟು ಖೊಟ್ಟಿ ಎಂದರು.

ಸರ್ಟಿಫಿಕೇಟಿನ ಕತೆ ಬೇರೆಯೇ ಇತ್ತು. ಆಕೆಯ ಊರು ಮೆಣಸಗಿ. ಸಣ್ಣವಳಿದ್ದಾಗ ಮಲಪ್ರಭೆ ಊರೊಳಗೆ ಬಂದು ಮನೆಯ ಕಾಗದಪತ್ರಗಳನ್ನೆಲ್ಲ ಒಯ್ದಿತ್ತು. ಈಗಿನದು ಕಚೇರಿಯಿಂದ ಮತ್ತೆ ಬರೆಸಿ ತಂದ ಪ್ರತಿ. ಒಮ್ಮೆ ಬಸ್‌ಸ್ಟ್ಯಾಂಡಿನಲ್ಲಿ ಮಿರ್ಚಿ ಭಜಿ ತಿನ್ನುತ್ತ, ಕೇಳದೆಯೇ ಆ ಮಾತು ಹೇಳಿದಳು. "ಜೀಪಿನಾಗ ಮೈಕ್ ಹಚ್ಚಿ ಹೇಳ್ಕೋತ ಹ್ವಾದ್ರು, ಊರಾಗ ನೀರು ಬರಂಗಿಲ್ಲ, ಯಾರೂ ಅಂಜಬ್ಯಾಡ್ರಿ ಅಂತ. ನಮ್ಮಪ್ಪ ನಂಬಿದ. ಎಮ್ಮಿ ಹಗ್ಗಾ ಬಿಚ್ಚಲಿಲ್ಲ." ಮಿರ್ಚಿಯನ್ನು ಮುರಿದು, ಒಳಗೆ ಬೆಂದಿದೆಯೋ ಇಲ್ಲವೋ ನೋಡಿ, ಆಮೇಲೆ ಬಾಯಿಗೆ ಹಾಕಿಕೊಂಡಳು.

ಆ ವರ್ಷದ ಪಂದ್ಯಗಳಲ್ಲಿ ನರಗುಂದದ್ದು ನಡುವಿನಲ್ಲಿ ಬಂತು. ಮೊದಲರ್ಧ ಮುಗಿಯುವ ಮುಂಚೆ ಆಕೆಯ ಕಾಲು ಹೊರಳಿತು. ಪಾದ ಬಾತು ಬೂಟು ಬಿಚ್ಚಲಾಗದೆ, ಲೇಸು ಕತ್ತರಿಸಿ ತೆಗೆದರು. ಆಕೆ ಬೆಂಚಿನ ಮೇಲೆ ಒದ್ದೆ ಟಾವೆಲ್ ಸುತ್ತಿಕೊಂಡು ಕೂತಳು. ಬದಲಿಗೆ ಇಳಿದವಳು ನಾನು. ಅಲ್ಲಿಯವರೆಗೆ ಪಂದ್ಯದಲ್ಲಿ ಒಂದೂ ಬಾಲು ಹಾಕಿರಲಿಲ್ಲ. ಆ ದಿನ ಏನಾಯಿತೋ, ಕೈಬಿಟ್ಟ ಚೆಂಡು ರಿಂಗಿನೊಳಗೇ ಹೋಗುತ್ತಿತ್ತು. ಗೆದ್ದೆವು. ಆಕೆ ಬೆನ್ನು ತಟ್ಟುವಳೆಂದು ಕಾದೆ. "ನಿಮ್ಮ ಮಾವ ನೋಡಿದ್ರೇನು?" ಎಂದಳು, ಅಷ್ಟೇ.

ಕಾಲು ವಾಸಿಯಾದ ಮೇಲೆ ಆಕೆ ಮತ್ತೆ ಆಡಿ, ಋತುವಿನ ಕೊನೆಯ ಪಂದ್ಯಗಳಲ್ಲಿ ಹಳೆಯ ದಾಖಲೆಯನ್ನು ದಾಟಿದಳು. ಕಾಲೇಜಿನಲ್ಲಿ ಪೇಢೆ ಹಂಚಿದರು. ಪತ್ರಿಕೆಯವರು ಬಂದರು. ಇನ್ನು ಆಟಗಾರರ ಕೋಟಾದಲ್ಲಿ ಸರಕಾರಿ ನೌಕರಿ ಸಿಕ್ಕಂತೆಯೇ ಎಂದು ಪ್ರಿನ್ಸಿಪಾಲರು ವೇದಿಕೆಯ ಮೇಲೆ ಹೇಳಿದರು. ಮಾಲೆ ಹಾಕಿಕೊಂಡ ಆಕೆ ಯಾರ ಕಡೆಗೂ ನೋಡುತ್ತಿರಲಿಲ್ಲ. ಪಕ್ಕಕ್ಕೆ ತಂದಿಟ್ಟಿದ್ದ ಕರಿಹಲಗೆಯನ್ನೇ ನೋಡುತ್ತ, ತುಟಿಯಲ್ಲೇ ಏನೋ ಕೂಡಿಸುತ್ತಿದ್ದಳು.

ಸಂಜೆ ನಾನು ಬಸ್ಸಿಗೆ ನಿಂತಾಗ ಹುಡುಕಿಕೊಂಡು ಬಂದಳು.

"ನರಗುಂದದ ಮ್ಯಾಚಿನಾಗ ನೀ ಎಷ್ಟು ಸಲ ಹಾಕಿದಿ?"

"ಯಾಕ್ರಿ ಅಕ್ಕಾ?"

"ಕೇಳಿದ್ದಕ್ಕ ಹೇಳ."

ಏನೋ ಆಪಾದನೆ ಬರುತ್ತದೆಂದು ನನಗೆ ಅಂಜಿಕೆಯಾಯಿತು. "ನೆನಪಿಲ್ರಿ" ಅಂದೆ.

"ಜೀವನದಾಗ ಮೊದಲನೇ ಸಲ ಬಾಲ್ ಹಾಕಿದಾಕಿ ನೀ. ನೆನಪಿಲ್ಲ ಅಂದ್ರ ನಾ ನಂಬಬೇಕೇನು?"

ಹೇಳಿದೆ. ಒಂದೊಂದೂ ಎಲ್ಲಿಂದ ಎಸೆದದ್ದು ಎಂಬುದೂ ನೆನಪಿತ್ತು. ಆಕೆ ಕೇಳಿಸಿಕೊಂಡು ತಲೆಯಾಡಿಸಿದಳು.

"ಅಂದ್ರ ನಿನ್ನವೆಲ್ಲಾ ನನ್ನ ಹೆಸರಿಲೆ ಅದಾವ. ನನ್ನ ಲೆಕ್ಕ ನನಗ ಗೊತ್ತೈತಿ. ಹಲಗಿ ಮ್ಯಾಲಿಂದು ಅದಕ್ಕ ಕೂಡವಲ್ದು."

ಮರುದಿನ ನನ್ನ ಕೈ ಹಿಡಿದು ಪಿ.ಡಿ. ಸರ್ ಕೋಣೆಗೆ ಕರೆದೊಯ್ದಳು. ಬಾಗಿಲು ಹಾಕಿದಳು. ಸರ್ ಮೊದಲು ಗದರಿದರು, ಆಮೇಲೆ ಕುರ್ಚಿಯಲ್ಲಿ ಕೂತರು. ನರಗುಂದದ ಸ್ಕೋರ್ ಶೀಟನ್ನು ಶುದ್ಧವಾಗಿ ಇನ್ನೊಮ್ಮೆ ಬರೆಸಿ ವಿಶ್ವವಿದ್ಯಾಲಯಕ್ಕೆ ಕಳಿಸುವಾಗ, ನನ್ನ ಪಾಯಿಂಟುಗಳನ್ನು ಆಕೆಯ ಹೆಸರಿಗೆ ಹಾಕಿಸಿದ್ದು ಅವರೇ.

"ನಿನ್ನ ಕಾಲು ನೋಡಿ ನನಗ ಎದಿ ಒಡೀತವಾ. ಇನ್ನ ಈ ವರ್ಷ ನೀ ಆಡಂಗಿಲ್ಲ, ಇಷ್ಟು ಹತ್ರ ಬಂದಿದ್ದು ಹೋತು ಅನಿಸ್ತು. ನಮ್ಮಂಥ ಸಣ್ಣ ಕಾಲೇಜಿಂದು ಒಂದು ಹೆಸರು ಮ್ಯಾಲ ಬರಲಿ ಅಂತ ಮಾಡೀನಿ. ನನಗೇನ್ ಬಂತು ಅದರಾಗ? ಈಗ ಅವು ಬ್ಯಾಡಾಗ್ಯಾವ. ಅವನ್ನ ತಗದ್ರೂ ರೆಕಾರ್ಡ್ ನಿಂದ. ಸುಮ್ನಿದ್ದುಬಿಡು."

"ಹಂಗಾದ್ರ ತಗದ ಬಿಡ್ರಿ ಸರ್."

"ತಗದ್ರ ಉಳಿದಿದ್ದನ್ನ ಅವರು ನಂಬ್ತಾರೇನು?"

"ನಾನ ನಂಬವಲ್ಲೆ. ಬ್ಯಾರೆ ಮ್ಯಾಚಿನಾಗ ಏನೇನ್ ಮಾಡೀರಿ ಅಂತ ನನಗೇನ್ ಗೊತ್ತು?"

ಸರ್ ದೇವರ ಆಣೆ ಮಾಡಿದರು. ಅದೊಂದೇ ಎಂದರು. ಈಗ ನನಗೆ ಅವರ ಮಾತು ನಿಜವಿತ್ತೆಂದೇ ಅನಿಸುತ್ತದೆ. ಆಕೆಗೆ ಅನಿಸಲಿಲ್ಲ.

ಇಬ್ಬರೂ ವಿಶ್ವವಿದ್ಯಾಲಯದ ಕ್ರೀಡಾ ವಿಭಾಗಕ್ಕೆ ಹೋದೆವು. ಹೋಗುವಾಗ ಬಸ್ಸಿನಲ್ಲಿ ಆಕೆ ನನ್ನನ್ನು ಕಿಟಕಿಯ ಕಡೆಗೆ ಕೂರಿಸಿ ತಾನು ಹೊರಗೆ ಕೂತಳು. ನಾನು ನಡುವೆ ಇಳಿದುಹೋದೇನೆಂಬ ಅನುಮಾನವಿರಬೇಕು. ಸುಳ್ಳೇಕೆ, ನನಗೂ ಹಾಗೆ ಅನಿಸಿತ್ತು. ಅಲ್ಲಿಯ ಅಧಿಕಾರಿಗಳು ಚಹಾ ತರಿಸಿದರು. ಆಕೆ ಮುಟ್ಟಲಿಲ್ಲ. ನಿಂತೇ ಹೇಳಿದಳು.

"ನರಗುಂದದ ಮ್ಯಾಚಿನಾಗ ಕಾಲು ಹೊಳ್ಳಿದ ಮ್ಯಾಲ ಬರದಿದ್ದು ನನ್ನವಲ್ರಿ. ಈಕಿವು. ಬರಕೊಳ್ರಿ."

ಅವರು ಒಳ್ಳೆಯ ಮನುಷ್ಯ. "ಇದನ್ನು ಹೇಳಿದರೆ ಏನಾಗುತ್ತದೆ ಗೊತ್ತೇನಮ್ಮ?" ಎಂದು ಕೇಳಿದರು.

"ಗೊತ್ತಿಲ್ರಿ. ನೀವು ಹೇಳಿದ್ರೂ ನಂಬಂಗಿಲ್ಲ. ಆದ ಮ್ಯಾಲ ನೋಡ್ತೀನಿ."

ಆದದ್ದು ಇಷ್ಟು. ವಿಚಾರಣೆಯ ಸಮಿತಿ ಕೂತಿತು. ಒಂದು ಶೀಟು ತಿದ್ದಿದ್ದು ಎಂದ ಮೇಲೆ ನಮ್ಮ ಕಾಲೇಜಿನ ಮೂಲಕ ಹೋದ ಯಾವ ಶೀಟನ್ನೂ ಲೆಕ್ಕಕ್ಕೆ ಹಿಡಿಯಲಾಗದು ಎಂದು ತೀರ್ಮಾನವಾಯಿತು. ಮೂರು ವರ್ಷ ಬಿಸಿಲಿನಲ್ಲಿ ಆಕೆ ಹಾಕಿದ ಪಾಯಿಂಟುಗಳಲ್ಲಿ ಬಹಳಷ್ಟು ಇಲ್ಲವಾದವು. ದಾಖಲೆ ಹಳೆಯ ಹುಡುಗಿಯ ಹೆಸರಿನಲ್ಲೇ ಉಳಿಯಿತು. ಕೋಟಾದ ನೌಕರಿಯ ಕರೆ ಬರಲಿಲ್ಲ. ಪಿ.ಡಿ. ಸರ್ ಬೇರೆ ಊರಿಗೆ ಹೋದರು.

ನನ್ನದು ಬೇರೆಯಾಯಿತು. ವಿಚಾರಣೆಯಲ್ಲಿ ನರಗುಂದದ ಕೋಚನ್ನು ಕರೆದು ಕೇಳಿದಾಗ ಅವರು, "ನಮ್ಮನ್ನ ಸೋಲಿಸಿದಾಕಿ ಆ ತೆಳ್ಳನ ಹುಡುಗಿ" ಎಂದು ಸಾಕ್ಷಿ ಹೇಳಿದ್ದರು. ಆ ಮಾತಿನಿಂದ ವಿಶ್ವವಿದ್ಯಾಲಯದ ತಂಡದ ಆಯ್ಕೆಗೆ ನನಗೆ ಕರೆ ಬಂತು. ಎರಡು ವರ್ಷ ಅಲ್ಲಿ ಆಡಿದೆ. ಇಂದು ನಾನು ನರಗುಂದ ತಾಲೂಕಿನ ಹೈಸ್ಕೂಲಿನಲ್ಲಿ ದೈಹಿಕ ಶಿಕ್ಷಕಿಯಾಗಿರುವುದಕ್ಕೆ ಅದೇ ಮೂಲ.

ಗಜೇಂದ್ರಗಡದಲ್ಲಿ ಮಾತ್ರ ಸುದ್ದಿ ತಿರುಗಾಮುರುಗಾ ಆಯಿತು. ಆಕೆ ಖೊಟ್ಟಿ ಪಾಯಿಂಟು ಬರೆಸಿ ಸಿಕ್ಕಿಬಿದ್ದಳು ಎಂದರು. ನಾನು ಒಂದಿಬ್ಬರ ಜೊತೆ ಜಗಳಾಡಿದೆ. ನೀವಾದರೂ ನಿಜ ಹೇಳಬಾರದೇ ಎಂದು ಆಕೆಯನ್ನು ಕೇಳಿದೆ.

"ಹೇಳಿದ್ರ ನಂಬ್ತಾರೇನು? ಅವರ ಜಾಗಾದಾಗ ನಾ ಇದ್ರ ನಂಬ್ತಿದ್ದಿಲ್ಲ."

ಮುಂದೆ ಆಕೆ ಬಸ್ ಕಂಡಕ್ಟರ್ ಆದಳು. ಅದಕ್ಕಿಂತ ಒಪ್ಪುವ ಕೆಲಸ ಆಕೆಗೆ ಇನ್ನೊಂದಿರಲಿಲ್ಲ. ನೋಟನ್ನು ಬೆಳಕಿಗೆ ಹಿಡಿಯುವಳು. ಅರ್ಧ ಟಿಕೆಟ್ ಕೇಳಿದ ತಾಯಿಗೆ, "ಇವಗ ಮೀಸಿ ಬರಾಕ ಹತ್ಯಾವಲ್ಲ ಯವ್ವಾ" ಎನ್ನುವಳು. ಹೆಣ್ಣುಮಕ್ಕಳಿಗೆ ಬಸ್ಸು ಪುಕ್ಕಟೆಯಾದ ಮೇಲೆ ಒಂದು ದಿನ ಆಕೆಯ ಬಸ್ಸು ಹತ್ತಿದೆ. ಖುಷಿಯಿಂದ ಪಕ್ಕಕ್ಕೆ ಸರಿದು ಜಾಗ ಮಾಡಿದಳು. ಮನೆಯ ಯೋಗಕ್ಷೇಮ ಕೇಳಿದಳು. ಆಮೇಲೆ ಕೈ ಚಾಚಿ, "ಆಧಾರ್ ತೋರಸು" ಎಂದಳು.

"ಅಕ್ಕಾ, ನಾನ್ರೀ."

"ನೀ ಅನ್ನೋದು ನನಗ ಗೊತ್ತು. ಚೆಕಿಂಗ್‌ನವರಿಗೆ ಗೊತ್ತೇನು?"

ಇಡೀ ಬಸ್ಸು ನಕ್ಕಿತು. ಆಕೆಯೂ ನಕ್ಕಳು. ಕಾರ್ಡು ನೋಡಿಯೇ ಚೀಟಿ ಹರಿದಳು.

ಆದರೆ ಆ ಸ್ವಭಾವವೇ ಕೊನೆಗೆ ಆಕೆಯನ್ನು ನುಂಗಿತು. ಹೊಟ್ಟೆನೋವು ಎಂದು ದವಾಖಾನೆಗೆ ಹೋದಾಗ ಗಡ್ಡೆಯಿದೆ, ತಡ ಮಾಡದೆ ಆಪರೇಷನ್ ಆಗಬೇಕು ಎಂದರು. ಬಿಲ್ಲು ಬೆಳೆಸಲು ಹೇಳುತ್ತಾರೆ ಎಂದು ಬೇರೆ ಡಾಕ್ಟರ ಹತ್ತಿರ ಹೋದಳು. ಅವರೂ ಅದನ್ನೇ ಹೇಳಿದರು. ಇಬ್ಬರೂ ಒಳಗಿಂದೊಳಗೆ ಕೂಡಿರಬಹುದು ಎಂದು ಮೂರನೆಯವರನ್ನು ಹುಡುಕಿದಳು. ನಾನು ಕೈಮುಗಿದು ಹೇಳಿದರೆ, "ನೀ ಹೇಳಾಕ ಹತ್ತಿದ್ದು ಖರೇ ಇರಬಹುದು. ನಿನಗ ಹೇಳಿದವರು ಯಾರು?" ಎಂದಳು. ನಂಬಿ ಆಪರೇಷನ್ನಿಗೆ ಮಲಗಿದಾಗ ಹೊತ್ತು ಮೀರಿತ್ತು. ಕಳೆದ ವರ್ಷ ಹೋಗಿಬಿಟ್ಟಳು.

ಮಣ್ಣು ಮಾಡುವಾಗ ನನಗೆ ಹೋಗಲಾಗಲಿಲ್ಲ. ಐದಾರು ದಿನ ಬಿಟ್ಟು ಮೆಣಸಗಿಗೆ ಹೋದೆ. ಆಕೆಯ ತಾಯಿ ಕಟ್ಟೆಯ ಮೇಲೆ ಕೂತಿದ್ದರು. ನೀರು ಕೊಟ್ಟರು. ಬಹಳ ಹೊತ್ತು ಮಗಳ ಕಾಯಿಲೆಯ ಮಾತನ್ನೇ ಆಡಿ, ಒಮ್ಮೆಲೆ ದನಿ ತಗ್ಗಿಸಿ ಕೇಳಿದರು.

"ನೀ ಅಕಿ ಜೋಡಿ ಆಡಿದಾಕಿ. ಖರೇ ಹೇಳ. ಅಕಿ ಕಾಲೇಜಿನಾಗ ಮೋಸ ಮಾಡಿದ್ಲೇನು?"

ಕೈಯಲ್ಲಿದ್ದ ನೀರಿನ ತಂಬಿಗೆಯನ್ನು ಕೆಳಗಿಟ್ಟೆ.

"ಮಂದಿ ಹಂಗ ಅಂದ್ರು. ನಾ ಅಕಿನ್ನ ಒಂದಿನಾನೂ ಕೇಳಲಿಲ್ಲ. ಹೌದು ಅಂದ್ರ ಏನ್ ಮಾಡ್ಲಿ ಅಂತ ಅಂಜಿದ್ದೆ."

ನಾನು ಎಲ್ಲವನ್ನೂ ಹೇಳಿದೆ. ಕಾಲು ಹೊರಳಿದ್ದು, ಸರ್ ಶೀಟು ತಿದ್ದಿಸಿದ್ದು, ನಾವಿಬ್ಬರೂ ಹೋಗಿ ಹೇಳಿದ್ದು. ತಾಯಿ ಕೇಳುತ್ತಲೇ ಇದ್ದರು. ಮುಖ ಸ್ವಲ್ಪವೂ ಸಡಿಲಲಿಲ್ಲ.

"ಅಕಿ ಗೆಳತಿ ನೀ. ಸತ್ತವರ ಮನಿಗೆ ಬಂದು ಮತ್ತೇನ್ ಹೇಳ್ತಿ?"

"ಇಲ್ರಿ ಅವ್ವಾರ. ಆ ಪಾಯಿಂಟು ನನ್ನವು ಅಂತ ಗೊತ್ತಾಗಿದ್ದಕ್ಕ ನನ್ನ ಮುಂದ ಕರದ್ರು. ನನ್ನ ನೌಕರಿ ಅದರಿಂದ ಬಂದೈತಿ."

"ಅಂದ್ರ, ಅಕಿ ಸುಮ್ನಿದ್ರ ನೌಕರಿ ಅಕಿದಾಗ್ತಿತ್ತು?"

"ಹೌದ್ರಿ."

"ನಿಂದಾಗ್ತಿದ್ದಿಲ್ಲ?"

"ಇಲ್ರಿ."

ಓಣಿಯಲ್ಲಿ ಟ್ರ್ಯಾಕ್ಟರೊಂದು ಹಾದುಹೋಯಿತು. ಅದರ ಸಪ್ಪಳ ಅಡಗಿದ ಮೇಲೆ ತಾಯಿ ಸೆರಗಿನಿಂದ ಕಣ್ಣೊರೆಸಿಕೊಂಡರು.

"ಹಂಗಾದ್ರ ಖರೇನ ಇರಬೇಕು" ಎಂದರು. "ತನ್ನ ಅನ್ನ ಮತ್ತೊಬ್ಬರು ಕೊಟ್ಟಿದ್ದು ಅಂತ ಯಾರೂ ಸುಳ್ಳ ಹೇಳಂಗಿಲ್ಲ."