ತತ್ತಿಯ ಪಕ್ಕದಲ್ಲಿದ್ದ ಎಣ್ಣೆ

ಒಡೆದುಹೋದ ಮೇಯೊನೀಸನ್ನು ನಾನು ಸಿಂಕಿಗೆ ಸುರಿದೆ. ಇದು ಚೆನ್ನಾಗಿ ನೆನಪಿದೆ. ಬಟ್ಟಲನ್ನು ಓರೆ ಮಾಡಿದಾಗ ಎಣ್ಣೆ ಮೊದಲು ಜಾರಿತು, ಹಳದಿ ಗಂಟುಗಳು ಆಮೇಲೆ ತೊಪ್ಪನೆ ಬಿದ್ದವು. ಅದೇ ಮೇಯೊನೀಸನ್ನು ಇನ್ನೊಂದು ತತ್ತಿಯ ಹಳದಿಗೆ ಚಮಚ ಚಮಚವಾಗಿ ಬೆರೆಸಿ ಸರಿಮಾಡಿದೆ. ಇದೂ ಅಷ್ಟೇ ಚೆನ್ನಾಗಿ ನೆನಪಿದೆ. ನೀರುನೀರಾಗಿದ್ದದ್ದು ಒಮ್ಮೆಲೇ ಬಿಗಿದುಕೊಂಡಾಗ ಒಬ್ಬನೇ ನಕ್ಕಿದ್ದೆ. ಎರಡೂ ನಡೆದಿರಲು ಸಾಧ್ಯವಿಲ್ಲ. ಯಾವುದು ನಡೆಯಿತು ಎಂಬುದರ ಮೇಲೆ ಆ ದಿನ ನನ್ನ ಅಕ್ಕನ ಮಗಳ ಜೀವ ನಿಂತಿತ್ತು.

ಅವಳು ಬಾಗಲಕೋಟೆಯಿಂದ ಬಂದು ಹೈದರಾಬಾದಿನ ಮಣಿಕೊಂಡದ ನಮ್ಮ ಫ್ಲ್ಯಾಟಿನಲ್ಲೇ ಇದ್ದಾಳೆ. ಗಚ್ಚಿಬೌಲಿಯಲ್ಲಿ ಕೆಲಸ. ಅವಳ ಮೈಗೆ ಶೇಂಗಾ ಆಗುವುದಿಲ್ಲ. ಹೊಟ್ಟೆನೋವು, ತುರಿಕೆಗೆ ಮುಗಿಯುವ ಮಾತಲ್ಲ ಅದು. ತುಟಿ ಊದುತ್ತದೆ, ಗಂಟಲು ಕಟ್ಟುತ್ತದೆ, ಉಸಿರು ಒಳಗೆ ಹೋಗುವುದಿಲ್ಲ. ಶೇಂಗಾ ಹಿಂಡಿಯಿಲ್ಲದೆ ರೊಟ್ಟಿ ಗಂಟಲಲ್ಲಿ ಇಳಿಯದ ಮನೆಯಲ್ಲಿ ಇಂಥ ಹುಡುಗಿ ಹುಟ್ಟಿದಳು ಎಂದು ಅಕ್ಕ ಈಗಲೂ ಹಣೆ ಚಚ್ಚಿಕೊಳ್ಳುತ್ತಾಳೆ.

ಅವಳು ಬಂದ ದಿನವೇ ನನ್ನ ಹೆಂಡತಿ ಅಡುಗೆಮನೆಯಲ್ಲಿದ್ದ ಶೇಂಗಾವನ್ನೆಲ್ಲ ಹೊರಗೆ ಹಾಕಿದಳು. ಹಿಂಡಿಯ ಡಬ್ಬಿ, ಉಂಡೆ, ಊರಿನ ಗಾಣದಿಂದ ತರಿಸುವ ಎಣ್ಣೆ, ಎಲ್ಲವೂ ಪಾತ್ರೆ ತೊಳೆಯುವ ಹಿಂದಿನ ಬಾಲ್ಕನಿಯ ಗೂಡು ಸೇರಿದವು. ಆ ಗೂಡಿನಲ್ಲಿ ಮೊದಲಿನಿಂದಲೂ ಇದ್ದದ್ದು ತತ್ತಿ. ಹೆಂಡತಿ ತತ್ತಿಯನ್ನು ಅಡುಗೆಮನೆಯ ಹೊಸ್ತಿಲು ದಾಟಿಸುವವಳಲ್ಲ. ನನಗೆ ತಿನ್ನಬೇಕೆನಿಸಿದರೆ ಬಾಲ್ಕನಿಯಲ್ಲೇ ಸಣ್ಣ ಒಲೆ, ಬೇರೆ ಬಟ್ಟಲು, ಬೇರೆ ಚಮಚ. ಒಂದು ಮಡಿಗಾಗಿ ಹೊರಗೆ, ಇನ್ನೊಂದು ಜೀವಭಯಕ್ಕಾಗಿ ಹೊರಗೆ. ಎರಡಕ್ಕೂ ಒಂದೇ ಗೂಡು. ಇದರಲ್ಲಿ ಅಪಾಯವಿದೆ ಎಂದು ನಮ್ಮ ಮೂವರಲ್ಲಿ ಯಾರಿಗೂ ಹೊಳೆಯಲಿಲ್ಲ.

ಹುಡುಗಿಗೆ ರ್‍ಯಾಂಚ್ ಡ್ರೆಸಿಂಗ್ ಎಂದರೆ ಪ್ರಾಣ. ಆಫೀಸಿನ ಕ್ಯಾಂಟೀನಿನಲ್ಲಿ ಎಲ್ಲರೂ ಸೌತೆಕಾಯಿ, ಗಜ್ಜರಿಯನ್ನು ಆ ಬಿಳಿ ಕೆನೆಯಲ್ಲಿ ಅದ್ದಿ ತಿನ್ನುತ್ತಾರೆ. ಅಂಗಡಿಯ ಬಾಟಲಿಯ ಹಿಂದೆ ಏನೇನು ಬರೆದಿರುತ್ತಾರೋ ಎಂದು ಇವಳು ಮುಟ್ಟುವುದಿಲ್ಲ. ಅದಕ್ಕೇ ಮನೆಯಲ್ಲಿ ಮಾಡೋಣವೆಂದು ನಾನೇ ಹೊರಟೆ. ಕಷ್ಟದ್ದೇನಲ್ಲ. ತತ್ತಿಯ ಹಳದಿಗೆ ಎಣ್ಣೆಯನ್ನು ಹನಿಹನಿಯಾಗಿ ಬಿಟ್ಟು ಕಡೆದರೆ ಮೇಯೊನೀಸು; ಎಣ್ಣೆ ಕೂಡಿಕೊಳ್ಳದೆ ಬೇರೆಯಾದರೆ ಅದು ಒಡೆಯಿತು ಎಂದರ್ಥ. ಅದು ಗಟ್ಟಿಯಾದ ಮೇಲೆ ಕೆನೆಮೊಸರು, ಒಂದಿಷ್ಟು ಮಜ್ಜಿಗೆ, ಜಜ್ಜಿದ ಬೆಳ್ಳುಳ್ಳಿ, ಸಣ್ಣಗೆ ಹೆಚ್ಚಿದ ಸಬ್ಬಸಿಗೆ, ಮೆಣಸಿನ ಪುಡಿ, ನಿಂಬೆರಸ. ಹೆಂಡತಿ ಅದನ್ನು ‘ಬಿಳಿ ಚಟ್ನಿ’ ಎಂದು ಕರೆದು ಮೂಗು ಮುರಿಯುತ್ತಿದ್ದಳು.

ಆ ಬೆಳಿಗ್ಗೆ ಹೆಂಡತಿ ಇರಲಿಲ್ಲ, ತಂಗಿಯ ಮನೆಯ ಸೀಮಂತಕ್ಕೆಂದು ವಿಜಯಪುರಕ್ಕೆ ಹೋಗಿದ್ದಳು. ನಾನು ಬಾಲ್ಕನಿಯಲ್ಲಿ ತತ್ತಿ ಒಡೆದು, ಗೂಡಿನಲ್ಲಿ ಕೈಗೆ ಸಿಕ್ಕ ಸೂರ್ಯಕಾಂತಿ ಬಾಟಲಿಯ ಎಣ್ಣೆ ಬಿಟ್ಟು ಕಡೆದೆ. ಒಡೆಯಿತು. ಎಣ್ಣೆ ಹಳೆಯದಿರಬೇಕೆಂದು ಒಳಗೆ ಹೋಗಿ ಸೂರ್ಯಕಾಂತಿ ಎಣ್ಣೆಯ ಹೊಸ ಪಾಕೀಟು ಕತ್ತರಿಸಿ ತಂದೆ. ಎರಡನೆಯ ಸಲ ಚೆನ್ನಾಗಿ ಬಂತು. ಹುಡುಗಿ ಬೆರಳಲ್ಲಿ ನೆಕ್ಕಲು ಬಂದವಳು ಕ್ಯಾಬ್ ಬಂತೆಂದು ಡಬ್ಬಿ ಕಸಿದುಕೊಂಡು ಓಡಿದಳು.

“ಮಾಮಾ, ಉಳದಿದ್ದೂ ತುಂಬಿಯೇನು? ನಮ್ಮ ಟೀಮ್‌ನವ್ರು ಹಸದ ನಾಯಿ ಇದ್ದಂಗ ಅದಾರ.”

“ಎಲ್ಲಾ ತುಂಬೀನಿ, ಹೋಗವಾ.”

ನಾನು ಬಟ್ಟಲು, ಚಮಚ, ಕಡೆಯುವ ಯಂತ್ರ ಎಲ್ಲವನ್ನೂ ಉಜ್ಜಿ ತೊಳೆದು ಬೋರಲು ಹಾಕಿದೆ. ಚೊಕ್ಕಟವಾಗಿ ತೊಳೆದೆ. ಆಮೇಲೆ ಅದಕ್ಕಾಗಿ ಎಷ್ಟು ಹಳಹಳಿಸಿದೆನೋ.

ಸ್ವಲ್ಪ ಹೊತ್ತಿಗೆ ಹೆಂಡತಿಯ ಫೋನು ಬಂತು. ಸೀಮಂತದ ಸುದ್ದಿ ಮುಗಿದ ಮೇಲೆ ಕೇಳಿದಳು:

“ರೀ, ಗೂಡಿನ್ಯಾಗ ಎಣ್ಣಿ ಬಾಟ್ಲಿ ಇಟ್ಟೀನಲ್ಲ, ಅದರ ಮುಚ್ಚಳ ಸಡ್ಲ ಐತಿ. ಇರಿವಿ ಹತ್ತ್ಯಾವೇನು ನೋಡ್ರಿ.”

“ಯಾವ ಎಣ್ಣಿ?”

“ಮೊನ್ನೆ ಅಣ್ಣ ತಂದಿದ್ದು. ಗಾಣದ್ದು. ಕುತ್ತಿಗಿ ಮಟ ತುಂಬೇತಿ, ಸೂರ್ಯಕಾಂತಿ ಬಾಟ್ಲಿ ಖಾಲಿ ಇತ್ತು, ಅದರಾಗs ಹಾಕಿಟ್ಟೀನಿ.”

ಫೋನು ಕಿವಿಯಲ್ಲಿಟ್ಟುಕೊಂಡೇ ಹೋಗಿ ನೋಡಿದೆ. ಎಣ್ಣೆ ಕುತ್ತಿಗೆಯವರೆಗೆ ಇರಲಿಲ್ಲ. ಬಾಟಲಿಯ ಹೆಗಲಿಗಿಂತ ಕೆಳಗಿಳಿದಿತ್ತು. ಮೂಸಿ ನೋಡಿದೆ. ಜ್ವರವೊಂದು ಬಂದುಹೋದ ಮೇಲೆ ನನ್ನ ಮೂಗು ಅರ್ಧ ಸತ್ತಿದೆ, ಬಚ್ಚಲ ಫಿನಾಯಿಲೂ ಮಲ್ಲಿಗೆಯೂ ನನಗೆ ಒಂದೇ. ಏನೂ ತಿಳಿಯಲಿಲ್ಲ. ತಿಳಿಯಬೇಕಾದದ್ದು ತಿಳಿದಿತ್ತು.

“ರೀ, ಇರಿವಿ ಹತ್ತ್ಯಾವೇನು?”

ಮೊದಲನೆಯದಕ್ಕೆ ಹಾಕಿದ್ದು ಶೇಂಗಾ ಎಣ್ಣೆ. ಅದರಲ್ಲಿ ಸಂಶಯವಿಲ್ಲ. ಎರಡನೆಯದಕ್ಕೆ ಸೂರ್ಯಕಾಂತಿ. ಕತ್ತರಿಸಿದ ಪಾಕೀಟು ಕಟ್ಟೆಯ ಮೇಲೇ ಇತ್ತು. ನಡುವೆ ಆ ಒಡೆದದ್ದು ಏನಾಯಿತು? ಒಡೆದ ಮೇಯೊನೀಸನ್ನು ಚೆಲ್ಲಬೇಕಾಗಿಲ್ಲ, ಹೊಸ ಹಳದಿಗೆ ಬೆರೆಸಿದರೆ ಕೂಡಿಕೊಳ್ಳುತ್ತದೆ ಎಂಬುದು ಇದನ್ನು ಮಾಡುವವರಿಗೆಲ್ಲ ಗೊತ್ತು. ನನಗೂ ಗೊತ್ತು. ಅನ್ನ ಚೆಲ್ಲಿದರೆ ಆರಿಸಿ ತಿನ್ನುವ ಮನೆಯಲ್ಲಿ ಬೆಳೆದವನು ನಾನು. ಚೆಲ್ಲಿದ್ದೇನೆಯೇ? ಸಿಂಕಿಗೆ ಬಗ್ಗಿ ನೋಡಿದೆ. ತೊಳೆದ ಸಿಂಕು ಫಳಫಳ ಹೊಳೆಯುತ್ತಿತ್ತು. ಕಸದ ಗಾಡಿ ತತ್ತಿಯ ಸಿಪ್ಪೆಗಳನ್ನು ಆಗಲೇ ಒಯ್ದಿತ್ತು; ಅವು ಇದ್ದರೂ ಏನೂ ಹೇಳುತ್ತಿರಲಿಲ್ಲ, ಎರಡು ರೀತಿಯಲ್ಲೂ ತತ್ತಿ ಎರಡೇ.

ವಿಶ್ವವಿದ್ಯಾಲಯದಲ್ಲಿ ನಾನು ಓದಿದ್ದು ಮನಶ್ಶಾಸ್ತ್ರ. ನೆನಪು ಎಂಬುದು ಕಪಾಟಿನಲ್ಲಿಟ್ಟ ವಸ್ತುವಲ್ಲ, ಪ್ರತಿ ಸಲ ಹೊಸದಾಗಿ ಕಟ್ಟುವಂಥದ್ದು ಎಂದು ಪರೀಕ್ಷೆಯಲ್ಲಿ ಬರೆದು ಒಳ್ಳೆಯ ಅಂಕ ಪಡೆದವನು. ಯಾರಾದರೂ ‘ಕಣ್ಣಾರೆ ಕಂಡೆ’ ಎಂದರೆ ಇಂದಿಗೂ ವಾದಕ್ಕೆ ನಿಲ್ಲುತ್ತೇನೆ. ಆ ಹೊತ್ತಿನಲ್ಲಿ ಮಾತ್ರ, ಜಗತ್ತಿನ ಯಾವುದಾದರೂ ಒಂದು ನೆನಪು ನಿಜವಾಗಿದ್ದರೆ ಸಾಕಿತ್ತು. ಹಾಗೆ ಬೇಕೆಂದು ಹುಡುಕಿದಷ್ಟೂ ಎರಡು ಚಿತ್ರಗಳೂ ಇನ್ನಷ್ಟು ಸ್ಪಷ್ಟವಾದವು.

ಹುಡುಗಿಗೆ ಫೋನು ಮಾಡಿದೆ, ರಿಂಗಾಗುತ್ತಲೇ ಇತ್ತು. ಅವಳು ಕೆಲಸ ಮಾಡುವ ಮಹಡಿಯಲ್ಲಿ ಫೋನನ್ನು ಲಾಕರಿನಲ್ಲಿಟ್ಟು ಒಳಗೆ ಹೋಗಬೇಕು, ಊಟಕ್ಕೆ ಎದ್ದಾಗ ತೆಗೆದುಕೊಂಡರೆ ತೆಗೆದುಕೊಂಡಳು. ಮೆಸೇಜು ಕಳಿಸಿದೆ. ನೋಡಿದ ಗುರುತು ಬರಲಿಲ್ಲ. ಕ್ಯಾಬ್ ಹಿಡಿದು ಹೊರಟೆ. ಮಣಿಕೊಂಡದಿಂದ ಗಚ್ಚಿಬೌಲಿ ಏನು ಮಹಾ ದೂರ! ಫ್ಲೈಓವರಿನ ಕೆಳಗೆ ಎಲ್ಲವೂ ನಿಂತಿತ್ತು. ಡ್ರೈವರು ಮೊಬೈಲಿನಲ್ಲಿ ಏನೋ ನೋಡಿ ನಗುತ್ತಿದ್ದ. ಹಿಂದೆ ಎಲ್ಲೋ ಆಂಬುಲೆನ್ಸಿನ ಸದ್ದು ಕೇಳಿತು. ಅದು ಬರುತ್ತಿರುವುದು ನನ್ನ ಬೆನ್ನ ಹಿಂದಿನಿಂದ, ಅವಳಿರುವುದು ಮುಂದೆ ಎಂದು ಲೆಕ್ಕ ಹಾಕಿದೆ. ಅವಳನ್ನು ಕರೆದೊಯ್ಯಲೆಂದೇ ಹೊರಟಿದ್ದರೆ ಎಂಬ ಇನ್ನೊಂದು ಲೆಕ್ಕ ತಕ್ಷಣ ಬಂತು.

ಅಲ್ಲೇ ಕೂತು ನೆನೆದದ್ದು ಒಂದು ನಾಗರ ಪಂಚಮಿಯನ್ನು. ಅವಳು ಚಿಕ್ಕವಳು. ಜೋಕಾಲಿಯಿಂದ ಇಳಿದವಳ ಕೈಗೆ ಯಾರೋ ಶೇಂಗಾ ಉಂಡೆ ಕೊಟ್ಟರು. ತುಟಿ ಊದಿ, ಕಣ್ಣು ಮುಚ್ಚಿಹೋಗಿ, ಉಸಿರಿನಲ್ಲಿ ಸೀಟಿಯಂಥ ಸದ್ದು ಬರುತ್ತಿತ್ತು. ನಾನು ಎತ್ತಿಕೊಂಡು ಆಸ್ಪತ್ರೆಗೆ ಓಡಿದೆ. ಅವಳ ಮೈಯ ಭಾರ ಈಗಲೂ ನನ್ನ ತೋಳಿನಲ್ಲಿದೆ. ಆದರೆ ಅಕ್ಕ ಹೇಳುವುದು ಬೇರೆ. “ನೀ ಎಲ್ಲಿದ್ದ್ಯೋ ಆವಾಗ? ಆ ಪಂಚಮಿಗೆ ನೀ ಹೈದರಾಬಾದಿನ್ಯಾಗ ಇದ್ದಿ. ನಾ ಫೋನಿನ್ಯಾಗ ಅತಗೊಂತ ಹೇಳಿದ್ದು ನಿನಗ.” ಮನೆಯವರೆಲ್ಲ ಹಾಗೆಯೇ ಹೇಳುತ್ತಾರೆ. ಇರಬಹುದು. ತೋಳಿನ ಭಾರವೇ ಸುಳ್ಳಾದ ಮೇಲೆ ಸಿಂಕಿಗೆ ಸುರಿದ ಎಣ್ಣೆಯನ್ನು ನಾನು ಹೇಗೆ ನಂಬಲಿ?

ಗೇಟಿನಲ್ಲಿ ಕಾವಲುಗಾರ ತಡೆದ. “ಲೋಪಲಿಕಿ ಪಂಪಲೇಂ ಸಾರ್,” ಒಳಗೆ ಬಿಡುವಂತಿಲ್ಲ. ನನ್ನ ಹರಕು ತೆಲುಗಿನಲ್ಲಿ “ಪ್ರಾಣಂ ವಿಷಯಂ ಬಾಬೂ” ಎಂದು ಅವಳ ಹೆಸರು, ಡಬ್ಬಿಯ ಸಂಗತಿ ಹೇಳಿದೆ. ನನ್ನ ಮುಖದಲ್ಲಿ ಏನು ಕಂಡನೋ, ರಿಸೆಪ್ಷನ್ನಿಗೆ ಫೋನು ಮಾಡಿ, ಆ ಹುಡುಗಿ ಊಟದ ಡಬ್ಬಿ ಮುಟ್ಟಬಾರದಂತೆ, ತಕ್ಷಣ ಕೆಳಗೆ ಕಳಿಸಿ ಎಂದ. ಊಟದ ಹೊತ್ತಾಗಿತ್ತು. ಗಾಜಿನ ಬಾಗಿಲಿನಿಂದ ಕೊರಳಲ್ಲಿ ಪಟ್ಟಿ ಹಾಕಿಕೊಂಡ ಹುಡುಗ ಹುಡುಗಿಯರು ಬರುತ್ತಲೇ ಇದ್ದರು. ಪ್ರತಿಯೊಬ್ಬರ ತುಟಿಯನ್ನೂ ನೋಡಿದೆ.

ಅವಳು ಬಂದಳು. ತುಟಿ ಇದ್ದಂತೆಯೇ ಇತ್ತು.

“ಮಾಮಾ! ಏನಾತು? ಅವ್ವಗ ಏನರ ಆತೇನು?”

“ತಿಂದ್ಯಾ?”

“ಇನ್ನೂ ಇಲ್ಲ. ಡಬ್ಬಿ ತೆಗದಿಟ್ಟು ಕೈ ತೊಳ್ಯಾಕ ಹೋಗಿದ್ದೆ. ಅಷ್ಟ್ರಾಗ ಕರದ್ರು. ಯಾಕ?”

ಕಾವಲುಗಾರನ ಕುರ್ಚಿಯಲ್ಲಿ ಕೂತು ಎಲ್ಲ ಹೇಳಿದೆ.

“ಒಡದಿದ್ದನ್ನ ಅದರಾಗ ಕೂಡಿಸಿದ್ಯೋ, ಚೆಲ್ಲಿದ್ಯೋ?”

“ನೆನಪಿಲ್ಲ.”

“ನೆನಪಿಲ್ಲ ಅಂದ್ರ? ಇವತ್ತs ಮುಂಜಾನಿದ್ದು, ಮಾಮಾ.”

“ಎರಡೂ ನೆನಪೈತಿ.”

ಆಗ ಅವಳ ಮುಖದಲ್ಲಿ ಹೆದರಿಕೆ ಕಂಡೆ. ಶೇಂಗಾಕ್ಕೆ ಅವಳು ಹೆದರುವ ರೀತಿ ನನಗೆ ಗೊತ್ತು, ಉಸಿರು ಕಟ್ಟಿದರೆ ಚುಚ್ಚಿಕೊಳ್ಳಲೆಂದು ಪರ್ಸಿನಲ್ಲಿರುವ ಇಂಜೆಕ್ಷನ್ನನ್ನು ಮುಟ್ಟಿ ನೋಡಿಕೊಳ್ಳುತ್ತಾಳೆ. ಈ ಸಲ ಪರ್ಸಿನ ಕಡೆ ಕೈ ಹೋಗಲಿಲ್ಲ. ನನ್ನನ್ನೇ ನೋಡುತ್ತಿದ್ದಳು.

ಡಬ್ಬಿಯನ್ನು ತರುತ್ತೇನೆ, ಮನೆಗೆ ಒಯ್ದು ಯಾರಿಂದಲಾದರೂ ಮೂಸಿಸಿ ನೋಡು ಎಂದು ಮೇಲೆ ಹೋದಳು. ಬರಿಗೈಯಲ್ಲಿ ಬಂದಳು.

“ಟೀಮ್‌ನವ್ರು ನೆಕ್ಕಿ ಇಟ್ಟಾರ. ಭಾಳ ಚಲೋ ಆಗಿತ್ತಂತ. ಡಬ್ಬೀನೂ ತೊಳದಾರ, ಎಂದೂ ತೊಳೀದವ್ರು.” ನಗಲು ನೋಡಿದಳು, ಆಗಲಿಲ್ಲ.

ಅಲ್ಲಿಗೆ ಉಳಿದಿದ್ದ ಒಂದೇ ಸಾಕ್ಷಿಯೂ ಹೋಯಿತು. ನಾನು ಅವತ್ತು ಅವಳ ಕೈಗೆ ಕೊಟ್ಟದ್ದು ಊಟವೋ ವಿಷವೋ ಎಂಬುದು ಇನ್ನು ಎಂದಿಗೂ ತಿಳಿಯುವುದಿಲ್ಲ.

ಆ ಸಂಜೆಯಿಂದ ಅವಳು ತನ್ನದನ್ನು ತಾನೇ ಬೇಯಿಸಿಕೊಳ್ಳತೊಡಗಿದಳು. ಜಗಳವಿಲ್ಲ, ಮುನಿಸಿಲ್ಲ. “ಇವತ್ತು ಉಪ್ಪಿಟ್ಟು ತಿನ್ನಬೇಕು ಅನಿಸೇತಿ ಮಾಮಾ” ಎನ್ನುವಳು. ಬಾಣಲೆಯನ್ನು ಎರಡು ಸಲ ತೊಳೆದು ಒಲೆಗೆ ಇಡುವಳು. ನಾನು ಚಹಾ ಮಾಡಿಕೊಟ್ಟರೆ ತೆಗೆದುಕೊಳ್ಳುವಳು, ಕುಡಿಯುವ ಮೊದಲು ಮೂಗಿನ ಹತ್ತಿರ ಹಿಡಿಯುವಳು. ನಾನು ನೋಡಿಲ್ಲವೆಂದು ತಿಳಿದಿದ್ದಳು. ಮನೆ ಬಿಟ್ಟು ಹಾಸ್ಟೆಲ್ಲಿಗೆ ಹೋಗುತ್ತೇನೆ ಎನ್ನುವಳೇ ಎಂದು ನಾನು ಪ್ರತಿ ಸಂಜೆ ಕಾಯುತ್ತಿದ್ದೆ.

ಹೆಂಡತಿ ಊರಿನಿಂದ ಬಂದವಳು ಎಲ್ಲ ಕೇಳಿದಳು. ಬಾಲ್ಕನಿಗೆ ಹೋಗಿ ಗೂಡನ್ನು ಖಾಲಿ ಮಾಡಿದಳು. ಗಾಣದ ಎಣ್ಣೆ ಕೆಳಗಿನ ಮನೆಯವರಿಗೆ ಹೋಯಿತು. ಹಿಂಡಿ, ಉಂಡೆ ಅದರ ಹಿಂದೆಯೇ. ಮರುದಿನ ಬೆಳಿಗ್ಗೆ ನಾನು ಏಳುವ ಹೊತ್ತಿಗೆ ತತ್ತಿಯ ತಟ್ಟೆ ಅಡುಗೆಮನೆಯ ಒಳಗೆ, ಉಪ್ಪಿನ ಭರಣಿಯ ಪಕ್ಕದಲ್ಲಿ ಕೂತಿತ್ತು. ಪಕ್ಕದಲ್ಲೇ ನನ್ನ ಬೇರೆ ಬಟ್ಟಲು, ಬೇರೆ ಚಮಚ.

ಹುಡುಗಿ ಬಾಗಿಲಲ್ಲೇ ನಿಂತಳು. “ಅತ್ತಿ, ಇದೇನಿದು? ತತ್ತಿ ಒಳಗ?”

“ಹೊರಗ ಇಟ್ರ ಏನಾಕ್ಕೈತಿ ಗೊತ್ತಾತಲ್ಲ,” ಎಂದಳು ಹೆಂಡತಿ, ತಿರುಗಿ ನೋಡದೆ. “ನಿಮ್ಮ ಮಾಮಾನ ನೆನಪಿಗಿಂತ ಆ ತತ್ತೀನs ಹೆಚ್ಚು ಮಡಿ.”

ಹುಡುಗಿ ಜೋರಾಗಿ ನಕ್ಕಳು. ಆ ಗೇಟಿನ ದಿನದ ನಂತರ ಅದೇ ಮೊದಲು. ಆಮೇಲೆ ಬಟ್ಟಲನ್ನು ನನ್ನ ಮುಂದೆ ಸರಿಸಿ, ಎಣ್ಣೆಯ ಹೊಸ ಪಾಕೀಟನ್ನು ತಾನೇ ಕತ್ತರಿಸಿ, ತಾನೇ ಹಿಡಿದು ನಿಂತಳು.

“ನಾ ಬಿಡತೀನಿ, ನೀ ಕಡಿ. ಒಡದ್ರ ನನ್ನ ಕಣ್ಣ ಮುಂದs ಚೆಲ್ಲು.”

ಒಡೆಯಲಿಲ್ಲ. ಮೊಸರು, ಬೆಳ್ಳುಳ್ಳಿ, ಸಬ್ಬಸಿಗೆ ಹಾಕಿದೆ. ಅವಳು ಸೌತೆಕಾಯಿಯ ಹೋಳನ್ನು ಅದ್ದಿ ಬಾಯಿಗಿಟ್ಟಳು. ಹೆಂಡತಿ ಒಲೆಯ ಮುಂದೆ, ನಾನು ಬಟ್ಟಲಿನ ಮುಂದೆ. ಎಣ್ಣೆ ಯಾವುದೆಂದು ಮೂವರೂ ಕಣ್ಣಾರೆ ಕಂಡಿದ್ದೆವು. ಆದರೂ ಅವಳು ನುಂಗುವವರೆಗೆ, ನುಂಗಿದ ಮೇಲೂ, ನಾನು ಅವಳ ತುಟಿಯನ್ನೇ ನೋಡುತ್ತಿದ್ದೆ. ಈಗಲೂ ನೋಡುತ್ತೇನೆ.