ನಟ್ಟು ಬಿಗಿಯುವಷ್ಟು ಹೊತ್ತು

ಗಾಲಿ ಬಿಚ್ಚಿದಾಗ ಚಾಚಾ ನಟ್ಟುಗಳನ್ನು ನೆಲಕ್ಕಿಡದೆ ಬಾಯಲ್ಲಿ ಇಟ್ಟುಕೊಳ್ಳುತ್ತಿದ್ದರು. ಎಡಗೆನ್ನೆ ಉಬ್ಬಿರುತ್ತಿತ್ತು, ಮಾತು ತುಟಿಯ ಬಲತುದಿಯಿಂದ ಬರುತ್ತಿತ್ತು. ದಾಂಡೇಲಿಯಲ್ಲಿ ನಮ್ಮ ಪಕ್ಕದ ಮನೆಯವರು, ಗ್ಯಾರೇಜಿನ ಮಿಸ್ತ್ರಿ. ನಾವೆಲ್ಲ ಅವರನ್ನು ಚಾಚಾ ಎನ್ನುತ್ತಿದ್ದೆವು. ಜೋಕು ಹೇಳದೆ ಅವರು ಗಾಲಿ ಹಾಕಿದ್ದನ್ನು ನಾನು ನೋಡಿಲ್ಲ.

ಜೋಕು ಎಷ್ಟುದ್ದ ಇರಬೇಕೆಂಬುದಕ್ಕೆ ಅವರದೊಂದು ಅಳತೆಯಿತ್ತು. “ಬಾಯಾಗಿನ ನಟ್ಟು ಖಾಲಿ ಆಗೂದ್ರಾಗ ಮುಗೀಬೇಕು. ಮುಗೀಲಿಲ್ಲಂದ್ರ ಅದು ಭಾಷಣ.”

ಅವರ ಮೆಚ್ಚಿನದು ಎಮ್ಮೆಯದು. ಮುಂಡಗೋಡದ ಬಸ್ಸಿಗೆ ಒಬ್ಬ ಎಮ್ಮೆ ಹಿಡಿದುಕೊಂಡು ಬರುತ್ತಾನೆ. ಕಂಡಕ್ಟರ್, “ಏ, ಸೀಟ್ ಇಲ್ಲೋ.” ಅವನು, “ಇರಲಿ ಬಿಡ್ರಿ, ಅದು ನಿಂತಕೊಂಡ ಬರತೈತಿ.” ಅಷ್ಟೇ. ಅದರಾಚೆ ಒಂದು ಮಾತೂ ಸೇರಿಸುತ್ತಿರಲಿಲ್ಲ.

ಒಂದು ಮಧ್ಯಾಹ್ನ ಅಣ್ಣ ಹಳಿಯಾಳದಿಂದ ಟೆಂಪೊ ತರುತ್ತಿದ್ದ. ಪಕ್ಕದಲ್ಲಿ ನಾನಿದ್ದೆ. ಎದುರಿನ ಲಾರಿ ತಪ್ಪಿಸಲು ಹೋಗಿ ಮರಕ್ಕೆ ಗುದ್ದಿದೆವು. ನನಗೆ ಗೀರೂ ಬೀಳಲಿಲ್ಲ. ಅವನ ಬಲಗಾಲು ಮಡಿಚಿಕೊಂಡ ತಗಡಿನ ಕೆಳಗೆ ಸಿಕ್ಕಿತು. ನಾನು ಫೋನು ಮಾಡಿದ್ದಕ್ಕೆ ಚಾಚಾ ಜಾಕು ತೆಗೆದುಕೊಂಡು ಬಂದರು. ಅಷ್ಟರಲ್ಲಿ ಬಂದಿದ್ದ ಆಂಬುಲೆನ್ಸಿನವರು ಹೇಳಿದ್ದು ಒಂದೇ: ಅವನು ಕಣ್ಣು ಮುಚ್ಚದಂತೆ ನೋಡಿಕೊಳ್ಳಿ.

ಜಾಕು ಏರಿಸುತ್ತ ಚಾಚಾ ಎಮ್ಮೆಯ ಜೋಕು ಶುರು ಮಾಡಿದರು. ಅಂದು ಬಾಯಲ್ಲಿ ನಟ್ಟಿರಲಿಲ್ಲ. “ನಿಂತಕೊಂಡ ಬರತೈತಿ” ಎಂದಾಗ ಅಣ್ಣನ ತುಟಿ ಅರಳಿತು. ಆಮೇಲೆ ಕಣ್ಣು ಮುಚ್ಚಿದ. ಚಾಚಾನ ಕೈ ಒಂದು ಗಳಿಗೆ ನಿಂತಿತು.

“ಆಮ್ಯಾಲ ಎಮ್ಮಿ ಬಸ್ ಹತ್ತಿತಪಾ,” ಎಂದರು.

ಅಣ್ಣ ಕಣ್ಣು ತೆರೆದ.

ಎಮ್ಮೆ ಕಿಟಕಿಯ ಸೀಟು ಕೇಳಿತು. ಡ್ರೈವರನ ರೊಟ್ಟಿ ತಿಂದಿತು. ಸನವಳ್ಳಿಯಲ್ಲಿ ಇಳಿಯಲೊಲ್ಲೆ ಎಂದಿತು. ಒಂದೂ ನಗು ಬರುವಂಥದ್ದಲ್ಲ. ಅಣ್ಣನ ರೆಪ್ಪೆ ಜಾರಿದಾಗಲೆಲ್ಲ ಚಾಚಾ ನಿಲ್ಲಿಸಿ, “ಏ, ಮುಂದೇನಾತು ಕೇಳಲೇ” ಎನ್ನುತ್ತಿದ್ದರು.

“ಮುಂದೇನಾತ್ರಿ, ಚಾಚಾ?” ದನಿ ಸಣ್ಣದಾಗುತ್ತ ಹೋಯಿತು, ಆದರೂ ಕೇಳಿದ.

ತಗಡು ಎದ್ದು ಕಾಲು ಹೊರಬಂದಾಗ ಎಮ್ಮೆಯ ಮಾತು ಅರ್ಧಕ್ಕೇ ನಿಂತಿತು. ಅಣ್ಣನನ್ನು ಒಯ್ದರು. ಚಾಚಾ ರಸ್ತೆಯ ಮೇಲೆಯೇ ಕುಳಿತುಬಿಟ್ಟರು.

ಕಾಲು ಉಳಿಯಿತು. ನಡೆಯುವಂತಾದ ಮೇಲೆ ಅಣ್ಣ ಮೊದಲು ಹೋದದ್ದು ಗ್ಯಾರೇಜಿಗೆ. “ಎಮ್ಮಿ ಎಲ್ಲಿ ಇಳೀತ್ರಿ?”

“ನನಗೇನ ಗೊತ್ತೋ.” ಕೆನ್ನೆ ಮತ್ತೆ ಉಬ್ಬಿತ್ತು. “ನಿನ್ನ ಕಾಲ ಹೊರಗ ಬರೂತನ ಅದನ್ನ ಇಳಸೂವಂಗ ಇರಲಿಲ್ಲ. ಛಲೋ ಜೋಕ್ ಇತ್ತು, ಹಾಳ ಮಾಡಿಸಿದಿ.”

ಅವರು ಹೇಳಿದ ಜೋಕುಗಳಲ್ಲೆಲ್ಲ ಕೆಟ್ಟದ್ದು ಅದು. ರಾಮನಗರದ ಬೀಗರ ಮನೆಗೆ ಹೋದರೂ ಅದನ್ನೇ ಹೇಳುತ್ತೇನೆ. ಚಾಚಾ ನಮ್ಮ ಪಕ್ಕದ ಮನೆಯವರು ಎಂದು ಮೊದಲೇ ಹೇಳಿರುತ್ತೇನೆ.

ಹೋದ ವರ್ಷ ಚಾಚಾ ತೀರಿಕೊಂಡರು. ಜನಾಜಾ ನಮ್ಮ ಬಾಗಿಲ ಮುಂದೆಯೇ ಹೋಯಿತು. ಮುಂದಿನ ಹೆಗಲು ಅಣ್ಣನದು. ಬಲಗಾಲು ಇನ್ನೂ ಸ್ವಲ್ಪ ಎಳೆಯುತ್ತದೆ. “ಬಿಡೋ, ನಾ ಹಿಡೀತೇನಿ,” ಎಂದು ಯಾರೋ ಮುಂದೆ ಬಂದರು. ಅವನು ಕೊಡಲಿಲ್ಲ. ಓಣಿಯ ತಿರುವಿನವರೆಗೂ ಆ ಕಾಲು ನಡೆಯುವುದನ್ನು ನಾನು ನೋಡುತ್ತ ನಿಂತೆ.