ಫಿಲೋಮಿನಾ ಟೀಚರ್ ಬರೆದ ಹೊಯ್ಗೆಕೋಡಿ

ಸಿಟ್ಟು ಬಂದಾಗ ಫಿಲೋಮಿನಾ ಟೀಚರ್ ಬಾಯಿ ತೆರೆಯುವ ಮೊದಲು ಕನ್ನಡಕ ತೆಗೆಯುತ್ತಾರೆ. ಕಳೆದ ವರ್ಷ ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಆ ಕನ್ನಡಕ ಮೂಗಿನ ಮೇಲೆ ಇದ್ದದ್ದಕ್ಕಿಂತ ಕೈಯಲ್ಲಿದ್ದದ್ದೇ ಹೆಚ್ಚು. ಕಾರಣ ಅವರು ಹುಟ್ಟಿದ ಊರು, ಹೊಯ್ಗೆಕೋಡಿ.

ನೈರೋಬಿಯ ಸೌತ್ ಸಿ ಬಡಾವಣೆಯಲ್ಲಿ ನಮ್ಮದು ಅವರ ಪಕ್ಕದ ಮನೆ. ನನ್ನ ಗಂಡನನ್ನು ಟೆಲಿಕಾಂ ಕಂಪನಿ ನೈರೋಬಿಗೆ ಹಾಕಿದಾಗ ಬೆಂಗಳೂರಿನಿಂದ ಬಂದ ನನಗೆ ಇಲ್ಲಿ ಮೊದಲು ಕೇಳಿದ ಕನ್ನಡದ ದನಿ ಅವರದು. ಕಸವನ್ನು ತಪ್ಪು ಡಬ್ಬಿಗೆ ಹಾಕಿದ್ದಕ್ಕೆ ಬೈದಿದ್ದರು. ಅರವತ್ತೊಂಬತ್ತು ವಯಸ್ಸು, ಮದುವೆಯಾಗಿಲ್ಲ. ಮೂವತ್ತೈದು ವರ್ಷ ಇಲ್ಲಿನ ಶಾಲೆಗಳಲ್ಲಿ ಜೀವಶಾಸ್ತ್ರ ಕಲಿಸಿದವರು. ಟೊಮೆಟೊ ಮಾರುವ ಹೆಂಗಸಿನಿಂದ ಮಟಾಟು ವ್ಯಾನಿನ ಕಂಡಕ್ಟರ್‌ವರೆಗೆ ಎಲ್ಲರನ್ನೂ ಹಿಂದಿನ ಬೆಂಚಿನ ಮಕ್ಕಳಂತೆ ಗದರಿಸುತ್ತಾರೆ. ಅವರೂ "ಸವಾ, ಸವಾ", ಆಯ್ತು ಆಯ್ತು ಎಂದು ತಲೆಯಾಡಿಸಿ ತಪ್ಪಿಸಿಕೊಳ್ಳುತ್ತಾರೆ.

ಹೊಯ್ಗೆಕೋಡಿ ಉಡುಪಿಯ ಕಡೆ, ಹೊಳೆ ಕಡಲಿಗೆ ಸೇರುವಲ್ಲಿ ಚಾಚಿಕೊಂಡ ಒಂದು ಮರಳಿನ ಪಟ್ಟಿ. ಈಚೆ ಕಡಲು, ಆಚೆ ಹೊಳೆ, ನಡುವೆ ನಲವತ್ತು ಮನೆ. ಅರ್ಧ ಮೀನು ಹಿಡಿಯುವ ಮೊಗವೀರರದು, ಅರ್ಧ ಕ್ರಿಶ್ಚಿಯನ್ನರದು. ಒಂದು ಪ್ರೈಮರಿ ಶಾಲೆ, ಹೊಳೆ ದಾಟಲು ಒಂದು ದೋಣಿ. ಕಡಲು ಮೂರು ಸಲ ಒಳಗೆ ಬಂದು ಮೂರು ಸಾಲು ಮನೆಗಳನ್ನು ಎಳೆದುಕೊಂಡು ಹೋಗಿದೆ. ಆ ಶಾಲೆಗೆ ನೂರು ತುಂಬುತ್ತದೆಂದು ಶತಮಾನೋತ್ಸವ ಸಮಿತಿಯವರು ಸ್ಮರಣ ಸಂಚಿಕೆಗೆ ಊರಿನ ಇತಿಹಾಸ ಹತ್ತು ಪುಟ ಬರೆದುಕೊಡಿ ಎಂದು ಟೀಚರನ್ನು ಕೇಳಿದರು. ಅವರು ಕೈಯಲ್ಲಿ ಬರೆಯುವುದು, ನಾನು ಕಂಪ್ಯೂಟರಿನಲ್ಲಿ ಟೈಪ್ ಮಾಡುವುದು ಎಂದಾಯಿತು.

ಮೊದಲ ಆರು ಪುಟಕ್ಕೆ ಆರು ವಾರ ಹಿಡಿಯಿತು. ನೈರೋಬಿಯಲ್ಲಿ ಹೊಯ್ಗೆಕೋಡಿಯ ಇನ್ನಿಬ್ಬರು ಇದ್ದದ್ದೇ ತೊಂದರೆ. ಒಬ್ಬರು ಮುಥೈಗಾದಲ್ಲಿರುವ ನಿವೃತ್ತ ಡಾಕ್ಟರ್ ಜೋಸೆಫ್, ಟೀಚರ ಸೋದರಮಾವನ ಮಗ. ಇನ್ನೊಬ್ಬರು ಪ್ರಶಾಂತ್, ಮೊಗವೀರರು, ಮೊಂಬಾಸಾ ರಸ್ತೆಯಲ್ಲಿ ಮೀನಿನ ಕೋಲ್ಡ್ ಸ್ಟೋರೇಜ್ ನಡೆಸುತ್ತಾರೆ. ಹೊಯ್ಗೆಕೋಡಿಗೆ ಮೊದಲು ಬಂದವರು ನಮ್ಮವರು ಎಂದು ಜೋಸೆಫ್ ಫೋನು ಮಾಡುವರು. ನಿಮ್ಮವರು ಬರುವಾಗ ಗುಡಿಸಲು ಕಟ್ಟಿಕೊಟ್ಟದ್ದೇ ನಮ್ಮವರು ಎಂದು ಪ್ರಶಾಂತ್ ಮನೆಗೇ ಬರುವರು.

"ಇಬ್ಬರ ಮೊದಲ ಮನೆಯೂ ಈಗ ಕಡಲಿನ ಅಡಿಯಲ್ಲುಂಟು," ಎಂದರು ಟೀಚರ್, ಕನ್ನಡಕ ತೆಗೆದು. "ಹೋಗಿ ಮೀನಿನ ಹತ್ತಿರ ಕೇಳಿ, ಯಾರು ಮೊದಲು ಅಂತ. ನನ್ನ ತಲೆ ತಿನ್ನಬೇಡಿ ಮಾರಾಯ್ರೆ."

ಏಳನೆಯ ಪುಟವನ್ನು ಅವರು ಯಾರಿಗೂ ಹೇಳದೆ ಬರೆದರು. ಟೈಪ್ ಮಾಡುವಾಗ ನನ್ನ ಕೈ ಎರಡು ಸಲ ನಿಂತಿತು.

೧೯೬೬ರ ಜುಲೈ. ಆಚೆ ದಡದ ಶಾಲೆಗೆ ಇನ್ಸ್‌ಪೆಕ್ಟರು ಬರುವವರಿದ್ದರು. ಅವರ ಮುಂದೆ ಹಾಡಲು ಹೊಯ್ಗೆಕೋಡಿಯ ಮಕ್ಕಳು ಹೋಗಬೇಕಿತ್ತು. ಹೊಳೆ ತುಂಬಿ ಕೆಂಪಾಗಿತ್ತು. ದೋಣಿಯ ಶೀನ ಮರಕಾಲರು ಇವತ್ತು ಬೇಡ ಎಂದರು. ಹೆಡ್‌ಮಾಸ್ಟರ್ ಸಾಲ್ವದೋರ್ ಕೇಳಲಿಲ್ಲ. ಮರಕಾಲರು ಮತ್ತೊಮ್ಮೆ ಬೇಡ ಎಂದರು. ಹೆದರಿಕೆಯಾದರೆ ನೀನು ಮನೆಯಲ್ಲಿ ಕೂತುಕೋ, ಬೇರೆಯವರನ್ನು ಕರೆಸುತ್ತೇನೆ ಎಂದು ಮಾಸ್ತರರು ಕೂಗಾಡಿದ ಮೇಲೆ ದೋಣಿ ಹೊರಟಿತು. ಹೊಳೆ ಕಡಲಿಗೆ ಸೇರುವ ಅಳಿವೆಯ ಸೆಳೆತಕ್ಕೆ ಸಿಕ್ಕಿ ಮಗುಚಿತು. ಮಾಸ್ತರರು ಈಜಿ ನಾಲ್ಕು ಮಕ್ಕಳನ್ನು ಎತ್ತಿದರು, ಮರಕಾಲರು ಐವರನ್ನು. ಇಬ್ಬರು ಸಿಗಲಿಲ್ಲ. ಮಾಸ್ತರರ ಫೋಟೋ ಶಾಲೆಯ ಗೋಡೆಗೆ ಬಂತು. ಮಳೆಯಲ್ಲಿ ದೋಣಿ ಬಿಟ್ಟ ತಪ್ಪು ಮರಕಾಲರ ತಲೆಗೆ ಬಂತು. ಯಾರೂ ಅವರ ದೋಣಿ ಹತ್ತದಾದರು; ಎರಡು ವರ್ಷದಲ್ಲಿ ಸಂಸಾರವೇ ಊರು ಬಿಟ್ಟಿತು. ಅವರ ಮಗ ಹಡಗಿನ ಕೆಲಸ ಹಿಡಿದು ಮೊಂಬಾಸಾಕ್ಕೆ ಬಂದ. ಅವನ ಮಗನೇ ಪ್ರಶಾಂತ್.

ಸಾಲ್ವದೋರ್ ಮಾಸ್ತರರು ಜೋಸೆಫರ ಅಪ್ಪ. ದೋಣಿಯ ಮುಂಭಾಗದಲ್ಲಿ ಕೂತು ಆ ಮಾತುಗಳನ್ನೆಲ್ಲ ಕೇಳಿದ ಹತ್ತು ವರ್ಷದ ಹುಡುಗಿ ಫಿಲೋಮಿನಾ.

ಹತ್ತು ಪುಟವೂ ಮುಗಿದು ಸಮಿತಿಗೆ ಹೋದ ಮೇಲೆ, ಅಲ್ಲಿಯ ಯಾರೋ ಜೋಸೆಫರಿಗೆ ಆ ಪುಟ ಕಳಿಸಿದರು. ಮರುದಿನ ಮಧ್ಯಾಹ್ನವೇ ಅವರ ಕಾರು ಬಂತು. ಕೊಂಕಣಿಯಲ್ಲಿ ಶುರುವಾದ ಜಗಳ, ಅಲ್ಲೇ ಇದ್ದ ನನಗೆ ನ್ಯಾಯ ಒಪ್ಪಿಸುವವರಂತೆ ಕನ್ನಡಕ್ಕೆ ತಿರುಗಿತು.

"ನೀವೇ ಹೇಳಿ ಉಷಾ. ಇವಳ ಅಪ್ಪ ತೀರಿಹೋದಾಗ ಸಾಕಿದ್ದು ನನ್ನ ಅಪ್ಪ. ಕಾಲೇಜಿಗೆ ಕಳಿಸಿದ್ದು ಅವರು. ಇವಳಿಗೆ ಇಲ್ಲಿ ಕೆಲಸ ಸಿಕ್ಕಿದಾಗ ಬೊಂಬಾಯಿವರೆಗೆ ಬಂದು ಬಿಟ್ಟದ್ದು ಅವರು. ಸತ್ತವರ ಮೇಲೆ ಹೀಗೆ ಬರೆಯುವುದಾ?"

"ಸುಳ್ಳು ಬರೆದಿದ್ದೇನಾ?"

"ಸುಳ್ಳು ಅಂತ ನಾನು ಹೇಳಿದೆನಾ? ಈಗ ಯಾಕೆ ಅಂತ ಕೇಳಿದ್ದು."

ವಿಲ್ಸನ್ ನಿಲ್ದಾಣದಿಂದ ಎದ್ದ ಪುಟ್ಟ ವಿಮಾನವೊಂದು ಮನೆಯ ಮೇಲೆ ಗುರುಗುಡುತ್ತ ಹೋಯಿತು.

"ನಾಲ್ಕು ಮಕ್ಕಳನ್ನು ಎತ್ತಿದ್ದು ಬರೆದಿದ್ದೇನೆ, ಜೋಸೆಫ್. ನನ್ನನ್ನು ಎತ್ತಿದ್ದೂ ಅವರೇ. ಅದೂ ಉಂಟು, ಓದು," ಎಂದರು ಟೀಚರ್. "ಇಷ್ಟು ವರ್ಷ ಅವರ ಮುಖ ನೋಡಿ ಬಾಯಿ ಮುಚ್ಚಿದ್ದು ಸಾಕು. ಇತಿಹಾಸ ಬರಿ ಅಂತ ಹೇಳುವುದು, ಬರೆದರೆ ಅದು ಬೇಡ, ಇದು ಬೇಡ. ಮತ್ತೆ ಎಂತ ಬರೆಯುವುದು, ಮೀನು ಪದಾರ್ಥ ಮಾಡುವ ಕ್ರಮವಾ?"

ಜೋಸೆಫ್ ಚಹಾ ಕುಡಿಯದೆ ಹೋದರು. ವಾರ ಕಳೆದು ಸಮಿತಿಯಿಂದ ತಿದ್ದಿದ ಪ್ರತಿ ಬಂತು. ಆ ಇಡೀ ಪುಟದ ಜಾಗದಲ್ಲಿ ಒಂದೇ ವಾಕ್ಯವಿತ್ತು: 'ಕೆಲವು ನೋವಿನ ಘಟನೆಗಳ ನಡುವೆಯೂ ನಮ್ಮೂರು ಪ್ರಗತಿಯತ್ತ ಸಾಗಿತು.' ಟೀಚರ್ ಆ ವಾಕ್ಯವನ್ನು ನನ್ನಿಂದ ಮೂರು ಸಲ ಓದಿಸಿದರು. ಆಮೇಲೆ, ಹಾಗಾದರೆ ನನ್ನ ಒಂದು ಪುಟವೂ ಬೇಡ ಎಂದು ಉತ್ತರ ಬರೆಸಿದರು. ಸಮಿತಿಯವರು ಹಳೆಯ ವಾರ್ಷಿಕ ವರದಿಯ ನಾಲ್ಕು ಪುಟ ಎತ್ತಿಕೊಂಡು ಸಂಚಿಕೆ ಹೊರತಂದರು.

ಏಳನೆಯ ಪುಟವನ್ನು ಪ್ರಶಾಂತ್‌ಗೆ ಕೊಡು ಎಂದವರು ಟೀಚರೇ. ಅವರು ಖುಷಿಪಡುತ್ತಾರೆ ಎಂದು ನಾನು ಎಣಿಸಿದ್ದೆ. ಪ್ರಶಾಂತ್ ಟೀಚರ ಜಗಲಿಯಲ್ಲಿ ನಿಂತುಕೊಂಡೇ ಓದಿದರು, ಕಾಗದ ಮಡಚಿದರು.

"ಟೀಚರೇ, ನಮ್ಮಪ್ಪ ಪ್ರತೀ ಕ್ರಿಸ್‌ಮಸ್ಸಿಗೆ ನಿಮ್ಮ ಮನೆಗೆ ಬರ್ತಿದ್ರು. ನಿಮ್ಮ ಕೈಯಿಂದ ಕೇಕು ತಿಂದು ಹೋಗ್ತಿದ್ರು. ಸಾಯುವವರೆಗೂ, ತಪ್ಪು ಅಜ್ಜನದೇ ಇರಬೇಕು ಅಂತ ಹೇಳ್ತಿದ್ರು. ಅವರು ಇರುವಾಗ ಒಂದು ಮಾತು ಹೇಳ್ಲಿಕ್ಕೆ ನಿಮಗೆ ಆಗ್ಲಿಲ್ವಾ?"

ಟೀಚರ್ ಕನ್ನಡಕಕ್ಕೆ ಕೈ ಹಾಕಲಿಲ್ಲ. "ಆಗಲಿಲ್ಲ ಪ್ರಶಾಂತ್," ಎಂದರು. ಪ್ರಶಾಂತ್ ಗೇಟು ದಾಟುವವರೆಗೂ ನೋಡುತ್ತಿದ್ದು ಒಳಗೆ ಹೋದರು. ಆಮೇಲೆ ಕೆಲವು ದಿನ ಯಾರನ್ನೂ ಬೈಯಲಿಲ್ಲ. ಕಾಯಿಲೆಯೇ ಎಂದು ವಾಚ್‌ಮನ್ ನನ್ನನ್ನು ಕೇಳಿದ.

ತಿಂಗಳ ಮೇಲೆ ಒಂದು ಭಾನುವಾರ ಬೆಳಿಗ್ಗೆ ಪ್ರಶಾಂತ್ ಫೋನು ಹಿಡಿದುಕೊಂಡೇ ಒಳಗೆ ಬಂದರು. ಅತ್ತ ಲೈನಿನಲ್ಲಿ ಅವರ ಅತ್ತೆ ಗುಲಾಬಿ, ಶೀನ ಮರಕಾಲರ ಮಗಳು. ವಯಸ್ಸು ಎಪ್ಪತ್ತೇಳು, ಮಲ್ಪೆಯಲ್ಲಿದ್ದರು.

"ಅತ್ತೆಗೆ ಕಣ್ಣು ಕಾಣುವುದಿಲ್ಲ. ಆ ಪುಟ ನೀವೇ ಓದಬೇಕಂತೆ," ಎಂದರು.

ಟೀಚರ್ ಓದತೊಡಗಿದರು. ಲೈನು ಕೆಟ್ಟದಾಗಿತ್ತು. ಪ್ರತಿ ವಾಕ್ಯವನ್ನೂ ಎರಡೆರಡು ಸಲ ಕೂಗಿ ಹೇಳಬೇಕಾಯಿತು. "ಹೊಳೆ ಕೆಂಪಾಗಿತ್ತು! ಕೆಂಪು! ಅಯ್ಯೋ, ಆ ಟಿವಿ ಬಂದ್ ಮಾಡ್ಲಿಕ್ಕೆ ಹೇಳಿ ಅಲ್ಲಿ!" ಬೆವರು ಒರೆಸಿಕೊಂಡು ಕೊನೆಯವರೆಗೆ ಓದಿದರು. ಲೈನು ಹೋಯಿತೆಂದು ಪ್ರಶಾಂತ್ ಫೋನು ತಟ್ಟಿ ನೋಡಿದರು.

"ಬರೆದದ್ದು ಸರಿಯಿಲ್ಲ," ಎಂದಿತು ಮುದುಕಿಯ ದನಿ.

"ಎಂತ ಸರಿಯಿಲ್ಲ?"

"ಅಪ್ಪ ಬೇಡ ಅಂತ ಮೂರು ಸಲ ಹೇಳಿದ್ದು. ನಾನು ದಡದಲ್ಲೇ ಇದ್ದೆ. ನೀವು ಎರಡು ಸಲ ಅಂತ ಬರೆದಿದ್ದೀರಿ."

ಟೀಚರ್ ಕನ್ನಡಕ ಕಿತ್ತು ತೆಗೆದರು. "ಇಷ್ಟು ಬರೆದರೂ ಒಬ್ಬರಿಗೂ ಸಮಾಧಾನ ಇಲ್ಲ!" ಎಂದರು. ನನ್ನ ಕಡೆ ತಿರುಗಿದರು. "ಎಂತ ನೋಡ್ತಾ ಕೂತಿದ್ದಿ, ಉಷಾ? ಮೂರು ಸಲ ಅಂತ ತಿದ್ದು. ತಿದ್ದಿ ಇನ್ನೊಂದು ಪ್ರತಿ ತೆಗಿ. ಜೋಸೆಫಿಗೂ ಒಂದು ಕಳಿಸಬೇಕು."